ಸಿಂಧನೂರಾಗ ತಂಗಿ ಹಲ್ಲಿನ ಕ್ಲಿನಿಕ್ ಇಟ್ಟಾಳ, ಪೇಷಂಟ್ ಬರ್ತಾರ ಆದ್ರ ಅರ್ಧಕ್ಕ ಬಿಟ್ಟು ಹೋಗ್ತಾರ, ಏನ್ ಮಾಡೂದ್ರಿ?

ಎಡದಂಡೆ_ಕಾಲುವೆ ಕೇಳಿದ್ದು:

ಎಲ್ಲಾರಿಗೂ ನಮಸ್ಕಾರ್ರಿ. ನಾನು ಸಿಂಧನೂರಿನವ. ನಮ್ಮ ತಂಗಿ ಬಿಡಿಎಸ್ ಮುಗ್ಸಿ, ಒಬ್ಬ ಹಿರೇ ಡಾಕ್ಟ್ರ ಕೈಕೆಳಗ ಒಂದಿಷ್ಟು ವರ್ಷ ಕೆಲ್ಸ ಮಾಡಿ, ಈಗ ತನ್ನದ ಕ್ಲಿನಿಕ್ ಇಟ್ಟಾಳ. ಒಂದ ಚೇರು, ಒಬ್ಬಾಕಿ ಅಸಿಸ್ಟಂಟ್ ಹುಡುಗಿ, ಕಷ್ಟದ ರೂಟ್ ಕೆನಾಲ್ ಇದ್ರ ಐತವಾರ ಹೊರಗಿನಿಂದ ಎಂಡಿಎಸ್ (ಬಿಡಿಎಸ್ ಮ್ಯಾಲಿನ ಓದು) ಮಾಡಿದ ಡಾಕ್ಟ್ರು ಬಂದು ಮಾಡಿಕೊಟ್ಟು ಹೋಗ್ತಾರ. ಲೆಕ್ಕ, ಫೋನು, ಲ್ಯಾಬಿಗೆ ಕಳ್ಸೂದು, ಕರೆಂಟ್ ಬಿಲ್ಲು ಎಲ್ಲಾ ನನ್ನ ಪಾಲಿಂದು.

ಮುಂಜಾನಿ ನೋಡಿದ್ರ ಬೆಂಚ್ ತುಂಬಿರ್ತೈತಿ. ಊರೋರು, ಹಳ್ಳಿಯಿಂದ ಬಂದೋರು, ಕ್ಯಾಂಪ್ ಅಂತೀವಲ್ಲ ಆ ವಸತಿಯೋರು. ದಾರಿಯಾಗ ಹೋಗೋರು "ನಿಮ್ದು ಜೋರ್ ನಡದೈತಿ ಬಿಡಪ್ಪ" ಅಂತಾರ. ಆದ್ರ ತಿಂಗಳ ಕೊನಿಗೆ ಬಾಡಿಗಿ, ಚೇರಿಂದು ಎಕ್ಸ್‌ರೇದು ಇಎಂಐ, ಹುಡುಗಿ ಪಗಾರ, ಲ್ಯಾಬ್ ಬಿಲ್ಲು, ಮಟೀರಿಯಲ್ಲು, ಐತವಾರದ ಡಾಕ್ಟ್ರ ಪಾಲು ಎಲ್ಲಾ ತಗದ್ರ ಉಳಿಯೂದು ಆಕಿ ಮೊದ್ಲು ತಗೊಳ್ತಿದ್ದ ಪಗಾರದಷ್ಟೂ ಇರಂಗಿಲ್ಲ.

ಅದಕ್ಕಿಂತ ಜಾಸ್ತಿ ಚಿಂತಿ ಹಚ್ಚಿದ್ದು ಇನ್ನೊಂದೈತಿ. ರಾತ್ರಿಯೆಲ್ಲಾ ನಿದ್ದಿ ಇಲ್ರಿ ಅಂತ ಕೆನ್ನಿ ಹಿಡ್ಕೊಂಡು ಬರ್ತಾರ, ಆಕಿ ಹಲ್ಲು ಓಪನ್ ಮಾಡಿ ನರ ತಗದು ಔಷಧ ಇಟ್ಟು ಮ್ಯಾಲೆ ಟೆಂಪರರಿ ಸಿಮೆಂಟ್ ಹಾಕಿ ಮುಂದಿನ ವಾರ ಬರ್ರಿ ಅಂತ ಹೇಳಿ ಕಳಿಸ್ತಾಳ. ನೋವು ಹೋತಂದ್ರ ಮುಗೀತು, ಮುಂದಿನ ವಾರ ಯಾರೂ ಇಲ್ಲ. ಫೋನ್ ಹಚ್ಚಿದ್ರ "ಈಗ ಆರಾಮ ಐತ್ರಿ, ಸುಗ್ಗಿ ಆದ ಮ್ಯಾಲೆ ಬರ್ತೀವಿ" ಅಂತಾರ. ಕೆಲವರು ರೂಟ್ ಕೆನಾಲ್ ಮುಗಿಸ್ಕೊಂತಾರ, ಹಲ್ಲಿನ ಮ್ಯಾಲೆ ಕೂಡಿಸೋ ಕ್ಯಾಪ್ ಹಾಕಿಸ್ಕೊಳಂಗಿಲ್ಲ. ಎಷ್ಟೋ ತಿಂಗಳಾದ ಮ್ಯಾಲೆ ಅದ ಹಲ್ಲು ಬಾತು ಇಲ್ಲಾ ಒಡದು ಬರ್ತಾರ, ಊರಾಗ ಹೇಳೂದು ಮಾತ್ರ "ಅಲ್ಲಿ ರೂಟ್ ಕೆನಾಲ್ ಮಾಡ್ಸಿದ್ದೆ, ಫೇಲ್ ಆತು" ಅಂತ. ತಂಗಿ ಅದನ್ನ ಮನಸಿಗೆ ಹಚ್ಕೊಂಡು ಸರಿಯಾಗಿ ಊಟ ಮಾಡಂಗಿಲ್ಲ.

ಈಗ ಮೇನ್ ರೋಡಿಗೆ ಹೊರಗಿನೋರ ದೊಡ್ಡ ಕ್ಲಿನಿಕ್ ಬಂದೈತಿ, ಫ್ರೀ ಚೆಕಪ್ಪು, ಇಂಪ್ಲಾಂಟ್ (ಎಲುಬಿಗೆ ಸ್ಕ್ರೂ ಹಾಕಿ ಕೂಡಿಸೋ ಹಲ್ಲು) ಆಫರ್ ಅಂತ ಫ್ಲೆಕ್ಸ್ ಕಟ್ಯಾರ. ಹಳ್ಳಿಯಾಗ ಇಲಾಜ್ ಮಾಡೋ ಆರ್‌ಎಂಪಿಗಳು ಪೇಷಂಟ್ ಕಳಿಸ್ತೀವಿ, ನಮಗೇನು ಅಂತ ಕೇಳ್ತಾರ. ಗೆಳ್ಯಾರು ನೀವೂ ಇಂಪ್ಲಾಂಟ್ ಶುರು ಮಾಡ್ರಿ, ಇದ್ರಾಗ ರೊಕ್ಕ ಇಲ್ಲ ಅಂತಾರ.

ನಾ ಕೇಳೂದು ಏನಂದ್ರ, ಒಂದು ಹಲ್ಲಿನ ಕ್ಲಿನಿಕ್ ಚಲೋ ನಡದೈತಿ ಅಂತ ಯಾವ ಲೆಕ್ಕದಾಗ ಹೇಳ್ಬೇಕು? ತಿಂಗಳ ಕಲೆಕ್ಷನ್ ಒಂದ ನೋಡಿದ್ರ ಸಾಕಾ? ಈ ಲೈನಿನ್ಯಾಗ ಇದ್ದೋರು, ಇಲಾಜ್ ಮಾಡಿಸ್ಕೊಂಡೋರು ಇಬ್ರೂ ಹೇಳ್ರಿ.

---

ರಾಯಚೂರು_ದಂತವೈದ್ಯೆ:

ತಮ್ಮಾ, ನಾನು ರಾಯಚೂರಾಗ ಭಾಳ ವರ್ಷದಿಂದ ಪ್ರಾಕ್ಟೀಸ್ ಮಾಡಕತ್ತೀನಿ, ನೀ ಬರದಿದ್ದು ಓದಿ ನಿನ್ನ ತಂಗಿ ಜೋಡಿ ಕೂತು ಮಾತಾಡ್ಬೇಕು ಅನಸ್ತು. ಕಲೆಕ್ಷನ್ ನೋಡಿ ಏನೂ ತಿಳಿಯಂಗಿಲ್ಲ. ಬೆಂಚ್ ತುಂಬಿದ್ದು ನೋಡಿನೂ ತಿಳಿಯಂಗಿಲ್ಲ. ನಾ ನೋಡೂದು ಒಂದ ಲೆಕ್ಕ, ಶುರು ಮಾಡಿದ ಹಲ್ಲು ಎಷ್ಟು, ಮುಗಿಸಿದ ಹಲ್ಲು ಎಷ್ಟು. ಒಂದು ಉದ್ದನ ರಿಜಿಸ್ಟರ್ ತಗೊಂಡು ಹಲ್ಲು ಓಪನ್ ಮಾಡಿದ ತಾರೀಖು, ಕೆನಾಲ್ (ಬೇರಿನ ಒಳಗಿನ ಕೊಳವಿ) ತುಂಬಿದ ತಾರೀಖು, ಕ್ಯಾಪ್ ಕೂಡಿಸಿದ ತಾರೀಖು ಅಂತ ಮೂರು ಕಾಲಂ ಹಾಕು, ಹಿಂದಿನ ಆರು ತಿಂಗಳಿಂದು ಕೇಸ್ ಪೇಪರ್ ನೋಡಿ ತುಂಬಿಸು. ಎರಡನೇ ಮೂರನೇ ಕಾಲಂ ಎಷ್ಟು ಖಾಲಿ ಅದಾವ ನೋಡು, ನಿನ್ನ ರೊಕ್ಕ ಎಲ್ಲಿ ಹೋಗಕತ್ತದ ಅಂತ ಅಲ್ಲೇ ಕಾಣ್ತದ.

ಯಾಕಂದ್ರ ರೂಟ್ ಕೆನಾಲ್‌ದಾಗ ಖರ್ಚು ಎಲ್ಲಾ ಮೊದಲ ಸಲಕ್ಕ ಆಗಿಹೋಗ್ತದ. ಇಂಜೆಕ್ಷನ್ನು, ಎಕ್ಸ್‌ರೇ, ಬೇರಿನ ಒಳಗ ಕೆರಿಯೋ ಹೊಸಾ ಫೈಲು, ಒಂದು ತಾಸಿನ ತನಕ ಚೇರು. ಪೇಷಂಟ್ ಕೊಡೂದು ಆವತ್ತು ಒಂದಿಷ್ಟು ಅಡ್ವಾನ್ಸ್. ಉಳಿದಿದ್ದು ಕೆನಾಲ್ ತುಂಬುವಾಗ, ಕ್ಯಾಪ್ ಕೂಡಿಸುವಾಗ ಬರ್ಬೇಕು. ಹೊಲಾ ಹರಗಿ ಬಿತ್ತಿ ಗೊಬ್ಬರ ಹಾಕಿ ರಾಶಿಗೆ ಹೋಗದ ಇದ್ದಂಗ ಆಗ್ತದ ಅದು. ಪೇಷಂಟಿಗೆ ಆಗೂದು ಇನ್ನೂ ದೊಡ್ಡ ಲುಕ್ಸಾನ. ಟೆಂಪರರಿ ಸಿಮೆಂಟ್ ಕೆಲವು ವಾರ ಅಷ್ಟ ತಡಿತದ, ಆಮ್ಯಾಲೆ ಸವದು ಪಕ್ಕದಿಂದ ಉಗುಳು ಇಳಿತದ, ಕ್ರಿಮಿ ಬೇರಿನ ತುದಿ ತನಕ ಹೋಗಿ ಕೀವು ಕಟ್ತದ. ಕ್ಯಾಪ್ ಇಲ್ಲದ ದವಡಿ ಹಲ್ಲಿನ ಕಥಿನೂ ಅಷ್ಟ, ಒಳಗ ಕೊರದು ಗೋಡಿ ತೆಳ್ಳಗ ಆಗಿರ್ತದ, ನಮ್ಮ ಮಂದಿ ಕಟಿರೊಟ್ಟಿ ಶೇಂಗಾ ತಿನ್ನೋ ಮಂದಿ, ಒಂದಿನ ಬೇರಿನ ತನಕ ಸೀಳಿಬಿಡ್ತದ. ಹಂಗ ಸೀಳಿದ ಹಲ್ಲು ಉಳಸಾಕ ಯಾರಿಂದ್ಲೂ ಆಗಂಗಿಲ್ಲ, ಕೀಳೂದ. ಅಂದ್ರ ಮುಗಿಸದ ಇಲಾಜ್‌ನಾಗ ಪೇಷಂಟಿಗೂ ಲುಕ್ಸಾನ ಕ್ಲಿನಿಕ್ಕಿಗೂ ಲುಕ್ಸಾನ, ಒಂದು ಸರಿ ಆದ್ರ ಇನ್ನೊಂದು ತಾನ ಸರಿ ಆಗ್ತದ.

ಯಾಕ ಬರಂಗಿಲ್ಲ ಅಂದ್ರ, ಗುಳಿಗಿ ತಗೊಂಡ್ರ ಜ್ವರ ಹೋತು, ಜ್ವರ ಹೋದ ಮ್ಯಾಲೆ ದವಾಖಾನಿ ಯಾಕ ಅನ್ನೂದು ಎಲ್ಲಾರ ರೂಢಿ. ಹಲ್ಲಿಂದು ಹಂಗಲ್ಲ ಅಂತ ಶುರುವಿನ್ಯಾಗ ಹೇಳ್ಬೇಕು, ನೋವು ಇದ್ದಾಗ. ನೋವು ಹೋದ ಮ್ಯಾಲೆ ಫೋನ್‌ನಾಗ ಹೇಳಿದ್ರ ರೊಕ್ಕಕ್ಕ ಕರಿಯಾಕತ್ತಾರ ಅಂತ ತಿಳ್ಕೊಂತಾರ. ನಾ ಏನ್ ಮಾಡ್ತೀನಿ ಅಂದ್ರ ಎಕ್ಸ್‌ರೇ ಸ್ಕ್ರೀನ್ ಮ್ಯಾಲೆ ತೋರಿಸಿ, "ಇವತ್ತು ನೋವು ಹೋಗ್ತದ, ರೋಗ ಹೋಗಂಗಿಲ್ಲ, ನೋವು ಹೋತು ಅಂತ ಬಿಟ್ರ ಈ ಹಲ್ಲು ಕಳ್ಕೊಂತೀರಿ" ಅಂತ ಪೇಷಂಟಿಗೂ ಹೇಳ್ತೀನಿ, ಜೋಡಿ ಬಂದ ಮನಿಯೋರಿಗೂ ಹೇಳ್ತೀನಿ. ಮನಿಯಾಗ ರೊಕ್ಕ ಕೊಡೋರು ಯಾರು ಅದಾರ ಅವ್ರಿಗೆ ತಿಳಿಬೇಕು, ಅದು ಭಾಳ ಮುಖ್ಯ.

ಇನ್ನೊಂದು, ನಮ್ಮ ಕಡೆ ಗುಳೆ ಹೋಗೂದು ಅದ. ಹಲ್ಲು ಓಪನ್ ಮಾಡೂಕ ಮುಂಚೆ "ಊರಾಗ ಎಲ್ಲಿ ತನಕ ಇರ್ತೀರಿ" ಅಂತ ಕೇಳ್ಬೇಕು, ಇದನ್ನ ಯಾವ ಕಾಲೇಜಿನ್ಯಾಗೂ ಕಲಸಂಗಿಲ್ಲ. ನಾಳೆ ಬೆಂಗಳೂರು ಬಸ್ ಹತ್ತೋ ಮನಷ್ಯಾಗ ಮೂರು ಸಿಟ್ಟಿಂಗ್ ಪ್ಲಾನ್ ಹಾಕಿ ಏನ್ ಉಪಯೋಗ? ಕೀವು ಬಾವು ಇಲ್ಲ, ನರ ಇನ್ನೂ ಜೀವ ಅದ ಅಂದ್ರ ಬೇರಿನ ಉದ್ದ ಅಳಿಯೋ ಅಪೆಕ್ಸ್ ಲೊಕೇಟರ್, ಕೆನಾಲ್ ಕೆರಿಯೋ ರೋಟರಿ ಮಷೀನು ಇಟ್ಕೊಂಡು ಒಂದ ಸಿಟ್ಟಿಂಗ್‌ನಾಗ ತುಂಬಿ ಮುಗಸಬಹುದು, ಗಟ್ಟಿ ಫಿಲ್ಲಿಂಗ್ ಹಾಕಿ ಕಳಿಸು, ಹಬ್ಬಕ್ಕ ಬಂದಾಗ ಕ್ಯಾಪ್. ಕೀವು ಸುರಿಯಾಕತ್ತಿದ್ರ ಅವಸರ ಬ್ಯಾಡ. ತಿರುಗಿ ಬರೂದು ಖಾತ್ರಿನೇ ಇಲ್ಲ ಅಂದ್ರ ಹಲ್ಲು ಓಪನ್ ಮಾಡಿ ಬಿಡೂಕಿಂತ ಇರೂದು ಇದ್ದಂಗ ಹೇಳಿ ಕೀಳೂದ ಛಲೋ ಅಂತ ನಾ ಹೇಳ್ತೀನಿ, ಇದಕ್ಕ ನಮ್ಮೋರು ಕೆಲವರು ಒಪ್ಪಂಗಿಲ್ಲ, ನಾ ನನ್ನ ಮಾತಿಗೆ ನಿಲ್ತೀನಿ.

ರೇಟು ಮೊದಲ ಹೇಳ್ಬೇಕು, ರೂಟ್ ಕೆನಾಲ್ ಕ್ಯಾಪ್ ಎರಡೂ ಕೂಡಿಸಿ ಒಂದ ಮೊತ್ತ, ಕನ್ನಡದಾಗ ಚೀಟಿ ಮ್ಯಾಲೆ ಬರದು ಕೊಡ್ಬೇಕು, ಯಾವ ಸಿಟ್ಟಿಂಗ್‌ಗೆ ಎಷ್ಟು ಕೊಡ್ಬೇಕು ಅಂತನೂ ಬರೀಬೇಕು. ಖಾಸಗಿ ಕ್ಲಿನಿಕ್ ಆಸ್ಪತ್ರಿಗಳ ಕೆಪಿಎಂಇ ಕಾಯ್ದೆ ಪ್ರಕಾರ ರಿಜಿಸ್ಟ್ರೇಷನ್ ಸರ್ಟಿಫಿಕೇಟು, ದರದ ಪಟ್ಟಿ ಕಾಣೋ ಹಂಗ ಹಾಕೂದು ಇದ್ದ ಅದ, ಅದನ್ನ ಮೂಲ್ಯಾಗ ಹಾಕದ ಬೆಂಚಿನ ಎದುರಿಗೆ ಹಾಕ್ರಿ. ಹಿಂದಿನ ದವಡಿ ಹಲ್ಲಿಗೆ ಮೆಟಲ್ ಕ್ಯಾಪ್ ಗಟ್ಟಿನೂ ಇರ್ತದ ಅಗ್ಗನೂ ಇರ್ತದ, ಕಾಣದ ಜಾಗಕ್ಕ ಹಲ್ಲಿನ ಬಣ್ಣದ ದುಬಾರಿ ಜಿರ್ಕೋನಿಯಾ ಹಾಕಿಸ್ಕೋ ಅಂತ ಬೆನ್ನು ಹತ್ತಿದ್ರ ಕ್ಯಾಪೇ ಬ್ಯಾಡ ಅಂತ ಎದ್ದು ಹೋಗ್ತಾರ.

---

ಮಾನ್ವಿ_ಮೆಡಿಕಲ್:

ಮೇಡಮ್ ಹೇಳಿದ್ದು ಕೇಳಾಕ ಛಲೋ ಅದ್ರಿ, ಆದ್ರ ಬಾಡಿಗಿ ಕಟ್ಟೂದು ಹೆಂಗ? ನಾನು ಔಷಧ ಅಂಗಡಿ ಇಟ್ಕೊಂಡು ಎಲ್ಲಾ ನೋಡಕತ್ತೀನಿ, ಹಳ್ಳಿ ಪೇಷಂಟ್ ಮೊದಲು ಹೋಗೂದು ಆರ್‌ಎಂಪಿ ಹತ್ರ, ಅವ ಎಲ್ಲಿ ಕಳಿಸ್ತಾನ ಅಲ್ಲೇ ಹೋಗ್ತಾರ. ಎಲ್ಲಾರೂ ಕೊಡಕತ್ತಾರ, ನೀವೊಬ್ರು ಕೊಡಲಿಲ್ಲ ಅಂದ್ರ ಪೇಷಂಟ್ ಮೇನ್ ರೋಡಿನೋರ ಕಡೆ ಹೋಗ್ತಾನ. ಆಫರ್ ಹಾಕ್ರಿ, ಕ್ಲೀನಿಂಗ್ ಫ್ರೀ ಅನ್ರಿ, ಮಂದಿ ಬರ್ಲಿ ಮೊದಲು, ಆಮ್ಯಾಲೆ ನೋಡೂಣು. ಹೊಸಾ ಕ್ಲಿನಿಕ್ ತಡ್ಕೊಳ್ಳೂದು ಭಾಳ ಕಷ್ಟ ಅದ, ಹುಡುಗಿ ಸಾಲ ಮಾಡ್ಕೊಂಡು ಕುಂತಾಳ ಅಂತ ಹೇಳಕತ್ತೀನಿ ಅಷ್ಟ.

---

ರಾಯಚೂರು_ದಂತವೈದ್ಯೆ:

ನಿಮ್ಮ ಕಾಳಜಿ ತಿಳೀತದ್ರಿ. ಆದ್ರ ಎರಡು ಮಾತು ಹೇಳ್ತೀನಿ. ಪೇಷಂಟ್ ಕಳಿಸಿದ್ದಕ್ಕ ಕಮಿಷನ್ ಕೊಡೂದು ತಗೊಳ್ಳೂದು ಎರಡೂ ಡೆಂಟಲ್ ಕೌನ್ಸಿಲ್‌ನ 2014ರ ನೀತಿ ಸಂಹಿತೆ ಪ್ರಕಾರ ತಪ್ಪು, ಅದು ಒಂದು. ಇನ್ನೊಂದು, ಆ ಕಮಿಷನ್ ಯಾರ ಕಿಸೆಯಿಂದ ಬರ್ತದ? ಪೇಷಂಟ್ ಬಿಲ್ಲಿಗೆ ಸೇರ್ತದ, ಬಿಲ್ಲು ಏರಿದ್ರ ಕ್ಯಾಪ್ ಹಾಕಿಸ್ಕೊಳ್ಳಂಗಿಲ್ಲ, ತಿರುಗಿ ಅದ ಅರ್ಧ ಇಲಾಜ್. ಇವ್ರಿಗೆ ಬೆಂಚಿನ ಮ್ಯಾಲೆ ಮಂದಿ ಕಮ್ಮಿ ಇಲ್ರಿ, ಮುಗಿಸೋ ಮಂದಿ ಕಮ್ಮಿ ಅದಾರ. ಆಫರ್ ಹಾಕಿ ಇನ್ನಷ್ಟು ಮಂದಿ ತಂದ್ರ ಇನ್ನಷ್ಟು ಅರ್ಧ ಹಲ್ಲು ಆಗ್ತಾವ.

ಆರ್‌ಎಂಪಿ, ಮೆಡಿಕಲ್ ಅಂಗಡಿಯೋರ ಜೋಡಿ ಸಂಬಂಧ ಬ್ಯಾಡ ಅಂತ ನಾ ಹೇಳಂಗಿಲ್ಲ, ಬೇಕೇ ಬೇಕು. ಹೋಗಿ ಕೂತು ಮಾತಾಡ್ರಿ. ಬಾವು ಕುತ್ತಿಗಿಗೆ ಇಳದದ, ಜ್ವರ ಅದ, ನುಂಗಾಕ ಉಸಿರಾಡಾಕ ತ್ರಾಸ ಅದ ಅಂದ್ರ ಗುಳಿಗಿ ಕೊಟ್ಟು ಕಾಯಬ್ಯಾಡ್ರಿ, ಯಾವ ಹೊತ್ತಾದ್ರೂ ರಾಯಚೂರಿನ ರಿಮ್ಸ್ ಸರ್ಕಾರಿ ದವಾಖಾನಿಗೆ ಇಲ್ಲಾ ಹತ್ರದ ದೊಡ್ಡಾಸ್ಪತ್ರಿಗೆ ಕಳಿಸ್ರಿ ಅಂತ ಹೇಳ್ರಿ, ಅದು ಜೀವಕ್ಕ ಕುತ್ತು. ಗುಟ್ಕಾ ತಿನ್ನೋ ಹುಡುಗ್ರು ಖಾರ ತಿಂದ್ರ ಬಾಯಿ ಉರಿತದ, ಬಾಯಿ ಮೊದಲಿನಂಗ ತೆರಿಯಾಕ ಬರವಲ್ದು ಅಂತ ನಿಮ್ಮ ಅಂಗಡಿಗೆ ಮುಲಾಮು ಕೇಳಾಕ ಬರ್ತಾರಲ್ಲ, ಅವ್ರನ್ನ ಕಳಿಸ್ರಿ. ಅದು ಸಬ್‌ಮ್ಯೂಕಸ್ ಫೈಬ್ರೋಸಿಸ್, ಅಂದ್ರ ಬಾಯಿ ಒಳಗಿನ ಪದರ ಬಿಗದು ಗಟ್ಟಿ ಆಗೋ ರೋಗ ಇರಬಹುದು, ಅದ್ರಿಂದ ಕ್ಯಾನ್ಸರ್ ಆಗೋ ಭಯ ಅದ. 2013ರಾಗ ಕರ್ನಾಟಕದಾಗ ಗುಟ್ಕಾ ಬ್ಯಾನ್ ಆತು, ಈಗ ಪಾನ್ ಮಸಾಲ ಬ್ಯಾರೆ ತಂಬಾಕು ಬ್ಯಾರೆ ಪಾಕೀಟು ತಗೊಂಡು ಕೂಡಿಸಿ ತಿಂತಾರ, ಬಾಯಿಗೆ ಏನೂ ಫರಕು ಇಲ್ಲ. ಹಲ್ಲು ತೋರಸಾಕ ಬಂದ ಪ್ರತಿಯೊಬ್ರ ಕೆನ್ನಿ ಒಳಗ, ನಾಲಿಗಿ ಕೆಳಗ ನೋಡೂದಕ್ಕ ಒಂದು ನಿಮಿಷ ಸಾಕು, ರೊಕ್ಕ ಏನೂ ಬರಂಗಿಲ್ಲ, ಆದ್ರ ಅದನ್ನ ಮಾಡದ ಕ್ಲಿನಿಕ್ಕನ್ನ ನಾ ಛಲೋ ಕ್ಲಿನಿಕ್ ಅನ್ನಂಗಿಲ್ಲ.

ಇಂಪ್ಲಾಂಟ್ ಬಗ್ಗೆ ಕೇಳಿದ್ಯಲ್ಲ ತಮ್ಮಾ, ಸ್ಕ್ರೂ ಎಲುಬಿನ್ಯಾಗ ಕೂಡಾಕ ಮೂರರಿಂದ ಆರು ತಿಂಗಳು ಬೇಕು, ಶುಗರ್ ಕಂಟ್ರೋಲ್ ಇರ್ಬೇಕು, ತಂಬಾಕು ಬಿಡ್ಬೇಕು, ವರ್ಷಾ ವರ್ಷಾ ತೋರಿಸ್ಕೊಬೇಕು. ಎರಡನೇ ವಾರಕ್ಕ ಬರದ ಪೇಷಂಟಿಗೆ ಇಂಪ್ಲಾಂಟ್ ಹಾಕಿ ಏನ್ ಮಾಡ್ತೀರಿ? ಮೊದಲು ಕ್ಯಾಪ್ ತನಕ ಬರೂದು ರೂಢಿ ಆಗ್ಲಿ.

---

ಕುಷ್ಟಗಿ_ಮಾಸ್ತರ್:

ನಾ ಡಾಕ್ಟ್ರಲ್ಲ, ಕುಷ್ಟಗಿ ತಾಲೂಕಿನ ಹಳ್ಳಿ ಶಾಲಿ ಮಾಸ್ತರ, ಪೇಷಂಟ್ ಕಡೆಯಿಂದ ಹೇಳ್ತೀನಿ.

ನಮ್ಮ ಮನಿಯವ್ರಿಗೆ ಹಲ್ಲು ನೋವು ಅಂತ ಒಂದು ಕ್ಲಿನಿಕ್ಕಿಗೆ ಹೋಗಿದ್ವಿ, ಯಾವ ಊರು ಯಾವ ಕ್ಲಿನಿಕ್ಕು ಅದು ಬ್ಯಾಡ. ಫೋನ್‌ನಾಗ ಒಂದು ರೇಟ್ ಹೇಳಿದ್ರು. ಚೇರ್ ಮ್ಯಾಲೆ ಮಲಗಿಸಿ ಬಾಯಿ ತೆಗಸಿದ ಮ್ಯಾಲೆ, ಪಕ್ಕದ ಹಲ್ಲೂ ಹುಳುಕೈತಿ, ಅದನ್ನೂ ಮಾಡೂಣು, ಕ್ಯಾಪ್ ಮಾತ್ರ ಜಿರ್ಕೋನಿಯಾನೇ ಹಾಕ್ಸಬೇಕು ಅಂತ ಒಂದೊಂದ ಹೇಳಾಕತ್ತಿದ್ರು, ಎಷ್ಟಾಕೈತ್ರಿ ಅಂದ್ರ ಎರಡರಷ್ಟು. ಬಾಯಾಗ ಹತ್ತಿ ಇಟ್ಟ ಹೆಣಮಗಳು ಏನಂತ ಉತ್ರ ಕೊಡ್ಬೇಕ್ರಿ? ಆವತ್ತು ನೋವು ಕಡಿಮಿ ಆತು, ನಾವು ತಿರುಗಿ ಹೋಗ್ಲಿಲ್ಲ. ಪಕ್ಕದ ಹಲ್ಲು ಖರೇನೇ ಹುಳುಕಿತ್ತೋ ಏನೋ, ಆದ್ರ ಹೇಳಿದ ರೀತಿಗೆ ನಂಬಿಕಿ ಹೋತು. ನಿಮ್ಮ ಪೇಷಂಟ್ ಬರದ ಇರಾಕ ಇಂಥಾದ್ದೂ ಕಾರಣ ಇರಬಹುದು, ನಿಮ್ಮಲ್ಲಿ ಅಲ್ಲದಿದ್ರೂ ಬ್ಯಾರೆ ಕಡೆ ಉಂಡ ಪೆಟ್ಟು ನಿಮ್ಮ ಚೇರಿಗೆ ಬಂದಾಗ ನೆನಪಾಕೈತಿ.

ಆಮ್ಯಾಲೆ ನಾವು ರಾಯಚೂರಿನ ಡೆಂಟಲ್ ಕಾಲೇಜಿಗೆ ಹೋದ್ವಿ. ಅಲ್ಲಿ ಹೊತ್ತು ಭಾಳ ಹಿಡೀತು, ಕಲಿಯೋ ಹುಡುಗ್ರು ಮಾಡ್ತಾರ, ಪ್ರತಿ ಹಂತಕ್ಕ ಸರ್ ಬಂದು ನೋಡಿ ಸಹಿ ಹಾಕ್ತಾರ. ಆದ್ರ ಎಕ್ಸ್‌ರೇ ತೋರ್ಸಿ ಇಲ್ಲಿ ಕಪ್ಪಗೈತಿ ನೋಡ್ರಿ ಅಂದ್ರು, ಕಾರ್ಡಿನ್ಯಾಗ ಮುಂದಿನ ತಾರೀಖು ಬರದು ಕೊಟ್ರು, ಬಸ್ ಚಾರ್ಜು ಹೊತ್ತು ಎಲ್ಲಾ ಹೋದ್ರೂ ಕೊನಿ ತನಕ ಹೋಗಿ ಕ್ಯಾಪ್ ಹಾಕಿಸ್ಕೊಂಡ್ವಿ. ನಿಮ್ಮ ತಂಗಿಯವ್ರಿಗೆ ಇಷ್ಟ ಹೇಳ್ರಿ, ಬಾಯಿ ತೆಗಸೂಕ ಮುಂಚೆ, ಎದುರಾಬದುರಾ ಕೂತು ಮಾತಾಡ್ರಿ ಅಂತ.

ಇನ್ನೊಂದು ವಿಷಯ, ನಮ್ಮ ಶಾಲಿ ಮಕ್ಕಳ ಹಲ್ಲು. ನಮ್ಮ ಭಾಗದ ಬೋರ್ ನೀರಿನ್ಯಾಗ ಫ್ಲೋರೈಡ್ ಐತಿ ಅಂತ ಎಲ್ಲಾರಿಗೂ ಗೊತ್ತು, ಲೀಟರಿಗೆ 1.5 ಮಿಲಿಗ್ರಾಂ ದಾಟಬಾರ್ದು ಅಂತ ಮಿತಿ ಐತಿ, ದಾಟಿದ ಊರು ಎಷ್ಟೋ ಅದಾವ. ಒಂದೊಂದು ಕ್ಲಾಸಿನ್ಯಾಗ ನಕ್ಕರ ಅರ್ಧ ಮಕ್ಕಳ ಹಲ್ಲು ಕಂದು ಕಂದು. ಹೆಣಮಕ್ಕಳು ಬಾಯಿಗೆ ಕೈ ಅಡ್ಡ ಇಟ್ಕೊಂಡು ಮಾತಾಡ್ತಾವ, ನೋಡಾಕ ಸಂಕಟ ಆಕೈತಿ. ಒಬ್ಬ ಪಾಲಕರು ಮಗಳನ್ನ ಕರ್ಕೊಂಡು ಹೋಗಿ ಕ್ಲೀನಿಂಗ್ ಅಂತ ರೊಕ್ಕ ಕೊಟ್ಟು ಬಂದ್ರು, ಕಲಿ ಎಳ್ಳಷ್ಟೂ ಹೋಗ್ಲಿಲ್ಲ. ಆ ಕಲಿ ಹಲ್ಲಿನ ಒಳಗ ಐತಿ, ಹಲ್ಲು ಒಸಡಿನ್ಯಾಗ ತಯಾರಾಗೋ ವಯಸ್ಸಿನ್ಯಾಗ ಕುಡದ ನೀರಿಂದ ಆಗಿದ್ದು, ಸ್ಕೇಲಿಂಗ್ ಅಂದ್ರ ಕ್ಲೀನಿಂಗ್ ಮಾಡಿದ್ರ ಹೋಗಂಗಿಲ್ಲ ಅಂತ ಶಾಲಿಯಾಗ ಹಲ್ಲಿನ ತಪಾಸಣಿ ಕ್ಯಾಂಪಿಗೆ ಬಂದ ಡಾಕ್ಟ್ರು ನಮಗ ತಿಳಿಸಿದ್ರು. ಎಂಟು ವರ್ಷದ ಒಳಗಿನ ತಮ್ಮ ತಂಗಿ ಇದ್ರ ಅವ್ರಿಗೆ ಈಗಿಂದ ಶುದ್ಧ ನೀರಿನ ಘಟಕದ ನೀರು ಕುಡಸ್ರಿ ಅಂದ್ರು. ಅವ್ರ ಇನ್ನೊಂದು ಮಾತು ಹೇಳಿದ್ದು ನಾ ಈಗ ಪ್ರತಿ ಪಾಲಕರ ಸಭೆಯಾಗ ಹೇಳ್ತೀನಿ, ಆರು ವರ್ಷಕ್ಕ ಬಾಯಿ ಹಿಂದ ಹೊಸದಾಗಿ ಬರೋ ದವಡಿ ಹಲ್ಲು ಹಾಲುಹಲ್ಲಲ್ಲ, ಅದು ಬಿದ್ದು ತಿರುಗಿ ಬರಂಗಿಲ್ಲ, ಹುಳುಕಾದ್ರ ಬಿಡಬ್ಯಾಡ್ರಿ ಅಂತ. ಎಷ್ಟ ಮಂದಿ ತಾಯಂದ್ರು ಹೌದೇನ್ರಿ ಅಂತ ಕೇಳ್ತಾರ!

ಕ್ಯಾಂಪ್ ಮಾಡಿ ಪೇಸ್ಟ್ ಹಂಚಿ ಫೋಟೋ ಹೊಡಸ್ಕೊಂಡು ಹೋದೋರೂ ಅದಾರ. ಈ ಡಾಕ್ಟ್ರು ಪ್ರತಿ ಮಗುವಿನ ಹೆಸರು, ಯಾವ ಹಲ್ಲು, ಏನು ಮಾಡಿಸ್ಬೇಕು ಅಂತ ಪಟ್ಟಿ ಬರದು ನನ್ನ ಕೈಯಾಗ ಕೊಟ್ಟು, ಫಿಲ್ಲಿಂಗು ಕೀಳೂದು ತಾಲೂಕಾ ಆಸ್ಪತ್ರಿಯಾಗೂ ಆಕೈತಿ ಅಂತ ಹೇಳಿ ಹೋದ್ರು. ನಮ್ಮೂರಿನ ಮಂದಿ ಈಗ ರೊಕ್ಕ ಕೊಟ್ಟು ಮಾಡಸೂದಾದ್ರೂ ಅವ್ರನ್ನ ಹುಡಿಕ್ಕೊಂಡು ಹೋಗ್ತಾರ.

---

ಬಳ್ಳಾರಿ_ಹಲ್ಲಿನ_ಲ್ಯಾಬ್:

ನಾನು ಬಳ್ಳಾರಿಯಲ್ಲಿ ಡೆಂಟಲ್ ಲ್ಯಾಬ್‌ನಲ್ಲಿ ಕ್ಯಾಪು ಸೆಟ್ಟು ಮಾಡೋನು. ಒಂದು ಕ್ಲಿನಿಕ್ ಹೆಂಗೆ ನಡೀತೈತೆ ಅಂತ ನಮಗೆ ಅಳತೆ (ಹಲ್ಲಿನ ಅಚ್ಚು) ಬಂದಾಗಲೇ ಗೊತ್ತಾಗುತ್ತೆ, ಡಾಕ್ಟ್ರ ಮುಖ ನೋಡೋದೇ ಬೇಕಾಗಿಲ್ಲ.

ಅಣ್ಣ, ಖರ್ಚಿನಲ್ಲಿ ಲ್ಯಾಬ್ ಬಿಲ್ಲೂ ಬರ್ದಿದ್ದೀರಲ್ಲ, ಅದ್ರಲ್ಲಿ ಎಷ್ಟು ಕ್ಯಾಪ್ ಎರಡನೇ ಸಲ ಮಾಡಿಸಿದ್ದು ಅಂತ ಎಣಿಸಿದ್ದೀರಾ? ತಪ್ಪು ನಮ್ಮದಾದ್ರೆ ನಾವು ಹಂಗೇ ಮಾಡಿಕೊಡ್ತೀವಿ, ಅಳತೆನೇ ಸರಿ ಇಲ್ಲ ಅಂದ್ರೆ ಬಿಲ್ ಹಾಕ್ತೀವಿ. ಆಲ್ಜಿನೇಟ್ ಅನ್ನೋ ಅಚ್ಚಿನ ಪುಡಿ ಕಲಸಿ ಅಳತೆ ತಗೊಂಡು ಹಂಗೇ ಕವರ್‌ನಲ್ಲಿ ಹಾಕಿ ಬಸ್ಸಿಗೆ ಕೊಟ್ಟು ಕಳಿಸ್ತಾರೆ, ನಮ್ಮ ಕಡೆ ಬೇಸಿಗೆ ನಿಮಗೇ ಗೊತ್ತಲ್ಲ, ಬಸ್ಸು ಇಲ್ಲಿಗೆ ಬರೋ ಹೊತ್ತಿಗೆ ಅದು ನೀರು ಬಿಟ್ಟು ಒಣಗಿ ಕುಗ್ಗಿರುತ್ತೆ. ಆಲ್ಜಿನೇಟ್ ಅಳತೆಗೆ ಹತ್ತು ಹದಿನೈದು ನಿಮಿಷದೊಳಗೆ ಕಲ್ಲುಪುಡಿ ಸುರಿದು ಮಾಡೆಲ್ ಮಾಡಿಬಿಡ್ಬೇಕು, ನಿಮ್ಮ ಅಸಿಸ್ಟಂಟ್ ಹುಡುಗಿಗೆ ಕಲಿಸಿದ್ರೆ ಆಗುತ್ತೆ, ದೊಡ್ಡ ವಿದ್ಯೆ ಏನಲ್ಲ. ಕ್ಯಾಪಿನ ಅಳತೆ ಮಾತ್ರ ಅಡಿಷನ್ ಸಿಲಿಕಾನ್ ಅನ್ನೋ ರಬ್ಬರಿನಂಥ ಮಟೀರಿಯಲ್‌ನಲ್ಲೇ ತಗೊಳ್ಳಿ, ಅದು ದಿನಗಟ್ಟಲೆ ಅಳತೆ ಬಿಡಲ್ಲ, ಮಟೀರಿಯಲ್ ದುಬಾರಿ ಅನ್ನಿಸ್ತದೆ ಆದ್ರೆ ಒಂದು ಕ್ಯಾಪ್ ವಾಪಸ್ ಬಂದ್ರೆ ಆ ದುಡ್ಡೆಲ್ಲಾ ಅದಕ್ಕೇ ಹೋಗುತ್ತೆ. ಪೇಷಂಟ್ ಮತ್ತೆ ಬರ್ಬೇಕು, ಮತ್ತೆ ಇಂಜೆಕ್ಷನ್, ಮತ್ತೆ ಚೇರ್ ಟೈಮು, ಅದೆಲ್ಲಾ ನಿಮ್ಮ ಲೆಕ್ಕದ ಪುಸ್ತಕದಲ್ಲಿ ಎಲ್ಲೂ ಕಾಣಲ್ಲ.

ಎಷ್ಟೋ ಪೇಷಂಟ್ ಕ್ಯಾಪ್ ಹಾಕಿಸ್ಕೊಳ್ಳಲ್ಲ ಅಂತೀರಲ್ಲ, ನಮ್ಮಲ್ಲಿ ರೆಡಿ ಆಗಿ ಹೋದ ಕ್ಯಾಪು ಕ್ಲಿನಿಕ್ಕಿನ ಡ್ರಾಯರ್‌ನಲ್ಲೇ ಬಿದ್ದಿರೋದೂ ಇರುತ್ತೆ. ಅಳತೆ ಕೊಟ್ಟು ಹದಿನೈದು ದಿನ ಬಿಟ್ಟು ಬಂದ್ರೆ ಪಕ್ಕದ ಹಲ್ಲು ಸರಿದು ಕ್ಯಾಪ್ ಕೂರದೇ ಇರಬಹುದು. ಅದಕ್ಕೆ ಅಳತೆ ತಗೊಳ್ಳೋ ದಿನಾನೇ ಕೂಡಿಸೋ ದಿನ ಬರ್ದು ಕೊಡಿ, ಆ ತಾರೀಖು ನಮಗೂ ಹೇಳಿ, ನಾವು ಆ ಲೆಕ್ಕದಲ್ಲಿ ಬಸ್ಸಿಗೆ ಹಾಕ್ತೀವಿ. ಜಿರ್ಕೋನಿಯಾ ಬರೆದ್ರೆ ಕಂಪನಿ ವಾರಂಟಿ ಕಾರ್ಡ್ ಕೇಳಿ ತಗೊಳ್ಳಿ, ಪೇಷಂಟ್ ಕೈಗೇ ಕೊಡಿ, ಅದು ಅವರದ್ದು.

ವಯಸ್ಸಾದವರು ಬಂದು ಪೂರ್ತಿ ಸೆಟ್ ಕೇಳಿ ರೇಟ್ ಕೇಳಿ ವಾಪಸ್ ಹೋಗ್ತಾರಲ್ಲ, ಅವರು ಸಂತೆಯಲ್ಲಿ ಕೂತು ಹಲ್ಲು ಕಟ್ಟೋರ ಹತ್ರ ಹೋಗ್ತಾರೆ. ಅವರು ಪಕ್ಕದ ಹಲ್ಲಿಗೆ ಅಕ್ರಿಲಿಕ್ ಮೆತ್ತಿ ಅಂಟಿಸಿಬಿಡ್ತಾರೆ, ತೆಗೆಯೋ ಹಂಗೂ ಇಲ್ಲ ತೊಳೆಯೋ ಹಂಗೂ ಇಲ್ಲ, ಕೆಳಗೆ ಒಸಡು ಕೊಳೆತು ಉಳಿದ ಒಳ್ಳೆ ಹಲ್ಲೂ ಅಲ್ಲಾಡ್ತವೆ. ಅಂಥವು ನಮ್ಮ ಲ್ಯಾಬಿಗೆ ಬಂದಾಗ ನೋಡೋಕ್ಕಾಗಲ್ಲ. ಬಿಪಿಎಲ್ ಕಾರ್ಡ್ ಇರೋ ವಯಸ್ಸಾದವರಿಗೆ ದಂತಭಾಗ್ಯ ಯೋಜನೆಯಲ್ಲಿ ಡೆಂಟಲ್ ಕಾಲೇಜುಗಳಲ್ಲಿ ಸೆಟ್ ಮಾಡಿಕೊಡೋಕೆ ಸರ್ಕಾರ ಶುರು ಮಾಡಿತ್ತು, ಬಳ್ಳಾರಿಯ ಸರ್ಕಾರಿ ಡೆಂಟಲ್ ಕಾಲೇಜಿಗೆ ಫೋನ್ ಮಾಡಿ ಕೇಳಿ ನೋಡಿ ಅಂತ ಒಂದು ಚೀಟಿ ಬರ್ದು ಕಳಿಸಿ. ನಿಮಗೆ ಆ ಸೆಟ್ಟಿನ ದುಡ್ಡು ಬರಲ್ಲ ನಿಜ, ಆದ್ರೆ ಆ ಅಜ್ಜ ಸಂತೆಗೆ ಹೋಗೋದು ತಪ್ಪುತ್ತೆ.

---

ಎಡದಂಡೆ_ಕಾಲುವೆ:

ಮೇಡಮ್ಮಾರ, ಮಾಸ್ತರ್ರ, ಲ್ಯಾಬಿನ ಅಣ್ಣಾರ, ಮೆಡಿಕಲ್ ಅಣ್ಣಾರ, ಎಲ್ಲಾರಿಗೂ ಕೈಮುಗಿತೀನ್ರಿ. ತಂಗಿ ಮುಂದ ಕೂತು ಎಲ್ಲಾ ಓದಿ ಹೇಳಿದೆ. ಮೂರು ಕಾಲಂ ರಿಜಿಸ್ಟರ್ ನಿನ್ನೆ ರಾತ್ರಿನ ಇಬ್ರೂ ಕೂತು ಶುರು ಮಾಡಿದ್ವಿ, ಕ್ಯಾಪಿನ ಕಾಲಂ ನೋಡಿದ್ರ ಖಾಲಿ ಮನಿನ ಜಾಸ್ತಿ. ಊರಾಗ ಎಲ್ಲಿ ತನಕ ಇರ್ತೀರಿ ಅಂತ ಕೇಳೂದು ಕೇಸ್ ಪೇಪರ್‌ನಾಗ ಫೋನ್ ನಂಬರ್ ಕೆಳಗ ಸೇರಿಸೀನಿ. ಕಮಿಷನ್ ಬ್ಯಾಡ ಅಂತ ತಂಗಿ ಮೊದಲಿಂದ ಹೇಳ್ತಿದ್ಲು, ಈಗ ನನಗೂ ಧೈರ್ಯ ಬಂತು. ಸಿಲಿಕಾನ್ ಇವತ್ತ ಆರ್ಡರ್ ಹಾಕೀನಿ.

ಇನ್ನೊಂದ ಕೇಳ್ತೀನ್ರಿ ಮೇಡಮ್. ನಮ್ಮಲ್ಲಿ ಆಟೋಕ್ಲೇವ್ (ಉಗಿಯಾಗ ಸಾಮಾನಿನ ಕ್ರಿಮಿ ಕೊಲ್ಲೋ ಮಷೀನು) ಐತಿ, ಆದ್ರ ಕರೆಂಟ್ ಹೇಳದ ಕೇಳದ ಹೋಗ್ತೈತಿ, ಸೈಕಲ್ ನಡುವ ನಿಂತುಬಿಡ್ತೈತಿ, ಹೊರಗ ಮಂದಿ ಕುಂತಿರ್ತಾರ. ಕರೆಂಟ್ ಬಂದ ಮ್ಯಾಲೆ ಉಳಿದ ನಿಮಿಷ ಅಷ್ಟ ಓಡಿಸಿದ್ರ ನಡೀತೈತೇನು ಅಂತ ಹುಡುಗಿ ಕೇಳ್ತಾಳ. ಇಲ್ಲಾ ಬಿಸಿನೀರಾಗ ಕುದಿಸಿದ್ರ?

---

ರಾಯಚೂರು_ದಂತವೈದ್ಯೆ:

ಇದನ್ನ ಕೇಳಿದ್ದು ಭಾಳ ಛಲೋ ಆತು. ಎರಡೂ ನಡಿಯಂಗಿಲ್ಲ ತಮ್ಮಾ. ಉಗಿ, ಉಷ್ಣ, ಹೊತ್ತು ಮೂರೂ ಒಟ್ಟಿಗೆ ಬೇಕು, 121 ಡಿಗ್ರಿಗೆ 15 ಪೌಂಡ್ ಒತ್ತಡದಾಗ ಕನಿಷ್ಠ ಹದಿನೈದು ಇಪ್ಪತ್ತು ನಿಮಿಷ, ಸಾಮಾನು ಹಾಕಿ ಮುಚ್ಚೋ ಪೌಚಿನ್ಯಾಗ ಸುತ್ತಿದ್ರ ಇನ್ನೂ ಜಾಸ್ತಿ, ನಿಮ್ಮ ಮಷೀನಿನ ಪುಸ್ತಕದಾಗ ಬರದಿರ್ತದ ಅದನ್ನ ನೋಡ್ರಿ. ನಡುವ ನಿಂತ್ರ ಮೊದಲಿಂದ ತಿರುಗಿ ಪೂರ್ತಿ ಸೈಕಲ್, ಉಳಿದ ನಿಮಿಷದ ಲೆಕ್ಕ ಇಲ್ಲ. ಕುದಿಯೋ ನೀರು 100 ಡಿಗ್ರಿ ದಾಟಂಗಿಲ್ಲ, ಸ್ಪೋರ್ ಅಂದ್ರ ಕ್ರಿಮಿಯ ಗಟ್ಟಿ ಬೀಜ ಸಾಯಂಗಿಲ್ಲ. ಗ್ಲುಟರಾಲ್ಡಿಹೈಡ್ ಅನ್ನೋ ಕ್ರಿಮಿ ಕೊಲ್ಲೋ ದ್ರವದಾಗ ಅದ್ದಿಟ್ರ ಹತ್ತು ತಾಸು ಬೇಕು, ಹತ್ತು ನಿಮಿಷ ಅದ್ದಿ ತಗದ್ರ ಅದು ಸ್ಟೆರಿಲೈಸ್ ಅಲ್ಲ.

ಪೌಚಿನ ಮ್ಯಾಲಿನ ಬಣ್ಣ ಬದಲಾತು ಅಂದ್ರ ಬಿಸಿ ತಾಗಿತು ಅಂತ ಅಷ್ಟ ಅರ್ಥ, ಕ್ರಿಮಿ ಸತ್ತಾವ ಅಂತಲ್ಲ. ಅದಕ್ಕ ವಾರಕ್ಕ ಒಂದ ಸಲ ಸ್ಪೋರ್ ಟೆಸ್ಟ್ ಹಾಕ್ರಿ, ತಾರೀಖು ಬರದು ಇಡ್ರಿ. ಹಲ್ಲು ಕೊರಿಯೋ ಹ್ಯಾಂಡ್‌ಪೀಸ್‌ನೂ ಪ್ರತಿ ಪೇಷಂಟಿಗೆ ಆಟೋಕ್ಲೇವ್ ಆಗ್ಬೇಕು, ಸ್ಪಿರಿಟ್‌ನಾಗ ಒರಸಿದ್ರ ಸಾಲಂಗಿಲ್ಲ.

ಅವಸರ ಬರೂದು ಸೆಟ್ ಕಮ್ಮಿ ಇದ್ದಾಗ. ಮೇನ್ ರೋಡಿನೋರ ಫ್ಲೆಕ್ಸ್ ನೋಡಿ ನೀವೂ ಫ್ಲೆಕ್ಸ್ ಹಾಕಸೋ ರೊಕ್ಕದಾಗ ಎರಡು ಹ್ಯಾಂಡ್‌ಪೀಸು, ಹಲ್ಲು ನೋಡೋ ಸಾಮಾನಿನ ನಾಲ್ಕು ಡಯಾಗ್ನೋಸ್ಟಿಕ್ ಸೆಟ್ ಜಾಸ್ತಿ ತಗೊಳ್ರಿ. ಮನಿ ಇನ್ವರ್ಟರ್ ಆಟೋಕ್ಲೇವಿನ ಹೀಟರ್ ಎಳಿಯಂಗಿಲ್ಲ, ಸುಟ್ಟು ಹೋಗ್ತದ, ಅದನ್ನ ಇನ್ವರ್ಟರ್ ಲೈನಿಗೆ ಹಚ್ಚಬ್ಯಾಡ್ರಿ, ಎಲೆಕ್ಟ್ರಿಷಿಯನ್ ಕರದು ಲೋಡ್ ಲೆಕ್ಕ ಹಾಕಿಸಿ ಸಣ್ಣ ಜನರೇಟರ್ ಆಗ್ತದೇನು ಕೇಳ್ರಿ. ಅಲ್ಲಿ ತನಕ ರಾತ್ರಿ ಕ್ಲಿನಿಕ್ ಮುಚ್ಚೂಕ ಮುಂಚೆ ಒಂದು ಲೋಡು, ಮಧ್ಯಾಹ್ನ ಊಟದ ಹೊತ್ತಿಗೆ ಒಂದು ಲೋಡು ಅಂತ ರೂಢಿ ಮಾಡ್ರಿ. ಪೌಚ್ ಮಾತ್ರ ಪೇಷಂಟ್ ಕುಂತ ಮ್ಯಾಲೆ ಅವರ ಕಣ್ಣ ಮುಂದ ಹರೀಬೇಕು, ಆ ಹುಡುಗಿಗೆ ಇವತ್ತಿಂದ ಹೇಳು.